ಹುಲಿಗೆಮ್ಮನ ಮನೆಗೆ ಬಿದ್ದ ಕೆಂಪು ಗುರುತು

ಹೋದ ತಿಂಗಳು ಕಂಪ್ಲಿಯ ಒಂದು ಅಕ್ಕಿ ಗಿರಣಿಯ ಜಾಹೀರಾತಿನ ಚಿತ್ರೀಕರಣಕ್ಕೆ ಹೋಗಿದ್ದೆ. ನಿಜ ಹೇಳಬೇಕೆಂದರೆ ಅದು ನಾನು ಹೋಗಬೇಕಾದ ಕೆಲಸವಲ್ಲ. ಕ್ಯಾಮೆರಾದವರು ಇಬ್ಬರು, ಡ್ರೋನ್ ಹಾರಿಸುವವನು ಒಬ್ಬ, ಬರೆದದ್ದನ್ನು ಕೈಯಲ್ಲಿ ಹಿಡಿದುಕೊಂಡ ಹುಡುಗಿ ಒಬ್ಬಳು, ಎಲ್ಲರೂ ಇದ್ದರು. ಹೊಸಪೇಟೆಯ ನಮ್ಮ ಆಫೀಸಿನಲ್ಲಿ ಈಗ ನನ್ನ ಕೆಲಸವೆಂದರೆ ಎಸಿ ಕೋಣೆಯಲ್ಲಿ ಕೂತು, ಬೇರೆಯವರು ಮಾಡಿ ತಂದದ್ದನ್ನು ನೋಡಿ ಇದು ಸರಿ, ಇದು ಸರಿಯಿಲ್ಲ ಎನ್ನುವುದು. ಆದರೆ ಗಿರಣಿಯ ಯಜಮಾನರು, ಮೇಡಂ ಒಂದು ಸಲ ಬಂದು ಕಣ್ಣಿಂದ ನೋಡಿ ಹೋಗಲಿ ಎಂದು ಎರಡು ಸಲ ಫೋನು ಮಾಡಿದ್ದರು. ಬೇಡವೆನ್ನುವುದಕ್ಕೂ ಶಕ್ತಿ ಬೇಕು. ಹೋದೆ.

ಕಾರಿನ ಬಾಗಿಲು ತೆಗೆದ ಕೂಡಲೇ ಕುದಿಸಿದ ಭತ್ತದ ಹಬೆ ಮುಖಕ್ಕೆ ಬಂತು. ಒದ್ದೆ ಗೋಣಿಚೀಲ, ಹಳೆಯ ಗಂಜಿ, ಸುಟ್ಟ ಹೊಟ್ಟು ಮೂರೂ ಕಲೆತಂಥ ವಾಸನೆ. ಒಂದು ಗಳಿಗೆ ಬಾಗಿಲು ಹಿಡಿದುಕೊಂಡೇ ನಿಂತೆ. ಕಾಲಲ್ಲಿ ಸವೆದ ಚಪ್ಪಲಿ ಇದೆ, ಹೆಗಲಿಗೆ ಬ್ಯಾಗಿದೆ, ಇವತ್ತಿಗೆ ಇನ್ನೂ ನಾಲ್ಕು ಅಂಗಡಿ ಬಾಕಿ ಇವೆ ಎಂದು ಮೈ ತಾನೇ ತಿಳಿದುಕೊಂಡುಬಿಟ್ಟಿತು. ಹುಡುಗಿ ಓಡಿ ಬಂದು, "ಮೇಡಂ, ತಲಿ ತಿರುಗಾಕತ್ತೈತೇನ್ರಿ? ನೀರು ಕುಡೀರಿ" ಎಂದಳು. ಬಿಸಿಲು, ಅಷ್ಟೇ ಎಂದೆ. ಅದು ಬಿಸಿಲಾಗಿರಲಿಲ್ಲ. ನಾನು ಈ ಕೆಲಸಕ್ಕೆ ಸೇರಿದ ಮೊದಲ ಬೇಸಿಗೆಯನ್ನು ಇದೇ ವಾಸನೆಯಲ್ಲಿ ನಡೆದು ಮುಗಿಸಿದ್ದೆ.

ಆಗ ನಮ್ಮದು ಕಂಪನಿಯಲ್ಲ, ಒಂದು ಕೋಣೆ. ಹೊಸಪೇಟೆ ಬಸ್ ನಿಲ್ದಾಣದ ಹಿಂದಿನ ರಸ್ತೆಯಲ್ಲಿ, ಮೋಟಾರು ವೈಂಡಿಂಗ್ ಮಾಡುವ ಅಂಗಡಿಯ ಮೇಲೆ. ಕೆಳಗಿನಿಂದ ವಾರ್ನಿಷ್ ಘಾಟು ಮೆಟ್ಟಿಲು ಹತ್ತಿ ನಮಗಿಂತ ಮುಂಚೆ ಬಂದು ಕೂತಿರುತ್ತಿತ್ತು. ಇದ್ದವರು ಮೂವರು. ಯಜಮಾನ ವೀರೇಶಣ್ಣ, ಡಿಸೈನು ಮಾಡುವ ಖಾಜಾ, ಮತ್ತು ನಾನು. ವೀರೇಶಣ್ಣನದು ಮೊದಲು ಫ್ಲೆಕ್ಸ್ ಅಂಗಡಿ. ಹುಟ್ಟುಹಬ್ಬದ ಬ್ಯಾನರು, ಸತ್ತವರ ಬ್ಯಾನರು ಒಂದೇ ಮೆಷಿನ್ನಿನಲ್ಲಿ ಹೊರಬರುತ್ತಿದ್ದವು. ಫೋಟೊದಲ್ಲಿ ಇರುವವರ ಹೆಗಲಿಗೆ ಹೊಸ ಶರ್ಟು ತೊಡಿಸುವುದರಲ್ಲಿ ಖಾಜಾನದು ಎತ್ತಿದ ಕೈ. ಊರಿನವರೆಲ್ಲರ ಕೈಗೆ ಫೋನು ಬಂದ ಮೇಲೆ ವೀರೇಶಣ್ಣ ಒಂದು ದಿನ ಮೆಷಿನ್ ಮಾರಿ ಎರಡು ಕಂಪ್ಯೂಟರ್ ತಂದರಂತೆ. "ಫ್ಲೆಕ್ಸ್ ಮೂರು ದಿನ ಇರತೈತಿ, ಗಾಳಿ ಬಂದ್ರ ಹರದು ಹೋಗತೈತಿ. ಫೋನಿನ್ಯಾಗ ಹಾಕಿದ್ದು ಹರಿಯಂಗಿಲ್ಲ" ಎನ್ನುವುದು ಅವರ ಮಾತು. ಬಾಗಿಲಿಗೆ 'ಡಿಜಿಟಲ್ ಡಿಸೈನ್ ಮತ್ತು ಮಾರ್ಕೆಟಿಂಗ್' ಎಂದು ಬೋರ್ಡು ಬಂತು. ಮೆಟ್ಟಿಲು ಹತ್ತಿ ಬಂದವರು ಮಾತ್ರ ಆಮೇಲೂ ಬಹಳ ದಿನ, "ಫ್ಲೆಕ್ಸ್ ಮಾಡ್ತೀರೇನ್ರಿ?" ಎಂದೇ ಕೇಳುತ್ತಿದ್ದರು.

ನಾನು ಬಿ.ಕಾಂ. ಮುಗಿಸಿ ಒಂದು ವರ್ಷ ಮನೆಯಲ್ಲಿದ್ದವಳು. ಕಂಪ್ಯೂಟರ್ ಮುಂದೆ ಕೂತು ಮಾಡುವ ಕೆಲಸ ಎಂದು ಸೇರಿದೆ. ಸೇರಿದ ಮೂರನೇ ದಿನ ವೀರೇಶಣ್ಣ ಒಂದು ಬ್ಯಾಗು, ಒಂದು ಪವರ್ ಬ್ಯಾಂಕು, ಹಳ್ಳಿ ಬಸ್ಸುಗಳ ಸಮಯ ಬರೆದ ಚೀಟಿ ಕೊಟ್ಟರು.

"ಶಾರದಾ, ಅಂಗಡಿ ಅಂಗಡಿಗೆ ಹೋಗಬೇಕು. ಮ್ಯಾಪಿನ್ಯಾಗ ಅವರ ಅಂಗಡಿ ಹಾಕಬೇಕು. ಹೆಸರು, ಫೋಟೊ, ಫೋನ್ ನಂಬರು, ತೆರೆಯೋ ಹೊತ್ತು, ಮುಚ್ಚೋ ಹೊತ್ತು. ಮೊದಲು ಮ್ಯಾಪಿಗೆ ಬರಲಿ. ಆಮ್ಯಾಲ ಅವರ ಲೋಗೊ, ಪೇಜು, ಜಾಹೀರಾತು ಎಲ್ಲಾ ತಾವ ನಮ್ಮ ಹತ್ರ ಬರ್ತಾವ."

"ನಡಕೊಂಡು ಹೋಗಬೇಕೇನಣ್ಣ?"

"ಮತ್ತ? ಮ್ಯಾಪ್ ಅಂದ್ರ ನಡದವರು ಮಾಡಿದ್ದು."

ಹಾಗೆ ಶುರುವಾಯಿತು. ಆ ಬೇಸಿಗೆ ಹೊಸಪೇಟೆಯ ಟೈರ್ ಅಂಗಡಿ, ಸಂಡೂರಿನ ಬೇಕರಿ, ಕಮಲಾಪುರದ ಸೈಕಲ್ ಬಾಡಿಗೆಯವರು, ಎಲ್ಲರ ಮುಂದೆಯೂ ನಿಂತು ಅದೇ ಮಾತು ಹೇಳಿದೆ. ಬಹಳ ಮಂದಿ ನಾನು ಸರ್ಕಾರದಿಂದ ಬಂದಿದ್ದೇನೆಂದು ತಿಳಿದು ಲೈಸೆನ್ಸ್ ತೆಗೆದು ತೋರಿಸುತ್ತಿದ್ದರು. ಹಂಪಿ ಬಜಾರಿನಲ್ಲಿ ತೋಳಿನ ಮೇಲೆ ಟೋಪಿಗಳನ್ನು ಪೇರಿಸಿಕೊಂಡು ಮಾರುವ ಒಬ್ಬ ಮುದುಕರು ನನ್ನ ಮಾತನ್ನೆಲ್ಲ ಕೇಳಿ ನಕ್ಕರು. "ನನ್ನ ಹುಡಿಕ್ಯಂಡು ಯಾರು ಬರ್ತಾರವ್ವಾ? ಗುಡಿ ನೋಡಾಕ ಬರ್ತಾರ, ನಡುವ ನಾ ಸಿಗ್ತೀನಿ." ಸಂಜೆ ಮನೆಗೆ ಬಂದು ಕಾಲು ಬಿಸಿನೀರಿನಲ್ಲಿಟ್ಟುಕೊಂಡು ಕೂತರೆ ಅವ್ವ ನೋಡಿ, "ಕಾಲೇಜು ಕಲತು ಊರೂರು ತಿರುಗೋ ಕೆಲಸ ಹಿಡದೀಯಲ್ಲ ಬೇ" ಎನ್ನುತ್ತಿದ್ದಳು. ಜಗಳವಾಡುವಷ್ಟು ಉಸಿರು ಉಳಿದಿರುತ್ತಿರಲಿಲ್ಲ.

ಕಂಪ್ಲಿಗೆ ಹೋದದ್ದು ಏಪ್ರಿಲ್ ಕೊನೆಗೆ. ಕಾಲುವೆ ನೀರಿನ ಎರಡನೇ ಬೆಳೆಯ ಕೊಯ್ಲು ನಡೆದಿತ್ತು. ದಾರಿಯ ಅರ್ಧ ಭಾಗಕ್ಕೆ ಭತ್ತ ಹರವಿದ್ದರು. ಬಸ್ಸು ಉಳಿದರ್ಧದಲ್ಲಿ ಕುಂಟುತ್ತ ಹೋಗುತ್ತಿತ್ತು. ತಮಿಳುನಾಡಿನ ಕಡೆಯಿಂದ ಬಂದ ಕೊಯ್ಲಿನ ಯಂತ್ರಗಳು ಒಂದರ ಹಿಂದೆ ಒಂದು ರಸ್ತೆಗೆ ಅಡ್ಡ. ಊರಿನ ತುಂಬ ಹೊರಗಿನವರು. ಯಂತ್ರದವರು, ಲಾರಿಯವರು, ಬೀಜದ ಕಂಪನಿಯವರು. ಅವರೆಲ್ಲ ಮಧ್ಯಾಹ್ನವಾದರೆ ಫೋನು ಹಿಡಿದು ಊಟದ ಜಾಗ ಹುಡುಕುತ್ತಾರೆ ಎನ್ನುವುದು ನನ್ನ ಅವತ್ತಿನ ಬಂಡವಾಳದ ಮಾತು. ಆ ಮಾತಿಗೆ ಒಪ್ಪಿದವರು ಬಸ್ ನಿಲ್ದಾಣದ ಹತ್ತಿರ 'ಹುಲಿಗೆಮ್ಮ ಖಾನಾವಳಿ' ನಡೆಸುತ್ತಿದ್ದ ಪಂಪಣ್ಣ. ದೇವಿಯ ಹೆಸರಿನ ಖಾನಾವಳಿ. ಅರವತ್ತರ ಹತ್ತಿರದ ಮನುಷ್ಯ, ಬಿಳಿ ಧೋತರ, ಅಡ್ಡಾಡುವುದರಲ್ಲಿ ಅವಸರವಿಲ್ಲ.

"ಒಂದು ಸಲ ಉಂಡವ್ರು ನಾಳಿ ತಾವ ಬರ್ತಾರ ತಂಗಿ. ಆದ್ರ ಹೊಸಬ್ರು ಬಾಗಲ ಮುಂದ ಹಾದು ಹೋಗ್ತಾರ, ಅದು ಖರೆ. ಹಾಕ್ರಿ ನೋಡೂಣು" ಎಂದರು.

ಫೋಟೊ ತೆಗೆದೆ, ಹೆಸರು ಬರೆದೆ. ಆದರೆ ಕಲ್ಲುಗೋಡೆಯ ಆ ಖಾನಾವಳಿಯ ಒಳಗೆ ಸಿಗ್ನಲ್ ಇಲ್ಲ. ಫೋನು ಮೇಲೆತ್ತಿ ಹಿಡಿದು ರಸ್ತೆಗೆ ಬಂದೆ. ಅಲ್ಲೂ ಇಲ್ಲ. ಬಿಸಿಲು ನೆತ್ತಿಯ ಮೇಲಿತ್ತು. ಅವತ್ತಿಗೆ ಅದು ನನ್ನ ಒಂಬತ್ತನೆಯ ಅಂಗಡಿ. ನಡೆಯುತ್ತ ನಡೆಯುತ್ತ ಕೋಟೆಯ ಕಡೆ ಹೋಗುವ ಒಂದು ಓಣಿಗೆ ಬಂದೆ. ಬೇವಿನ ಮರ, ಅದರ ಕೆಳಗೊಂದು ಕಟ್ಟೆ, ಎದುರಿಗೆ ಸಣ್ಣ ಮನೆ. ಬಾಗಿಲಲ್ಲಿ ಒಬ್ಬ ಹೆಂಗಸು ಮೊರದಲ್ಲಿ ಅಕ್ಕಿ ಹಸನು ಮಾಡುತ್ತಿದ್ದರು. ನನ್ನ ಮುಖ ನೋಡಿದ್ದೇ ಎದ್ದು ಒಳಗೆ ಹೋಗಿ ತಂಬಿಗೆಯಲ್ಲಿ ನೀರು ತಂದರು.

"ಕುಂದ್ರು ಯವ್ವಾ. ಮೊದಲು ಒಂದು ಗುಟುಕು ಕುಡಿ, ಆಮ್ಯಾಲ ಮಾತಾಡು."

ಕುಡಿದೆ. ಆಕೆ ಮೊರ ಮುಂದಿಟ್ಟುಕೊಂಡು ತಮ್ಮ ಪಾಡಿಗೆ ಹೇಳುತ್ತ ಹೋದರು. ಹದಿನೆಂಟು ವರ್ಷ ಗಿರಣಿಯ ಕಣದಲ್ಲಿ ಕೆಲಸ ಮಾಡಿದವರು. ಕುದಿಸಿದ ಭತ್ತವನ್ನು ಬಿಸಿಲಿಗೆ ಹರವಿ, ಕಾಲಿನಿಂದ ಸಾಲು ಸಾಲಾಗಿ ಸರಿಸುತ್ತ ಒಣಗಿಸುವ ಕೆಲಸ. "ಇಪ್ಪತ್ತು ಮಂದಿ ಹೆಣ್ಮಕ್ಕಳಿದ್ವಿ. ಈ ವರ್ಷ ಒಣಗಿಸೋ ಮಿಷನ್ ತಂದಾರ. ಒಂದು ಸ್ವಿಚ್ ಹಾಕಿದ್ರ ಆತು." ಅಂಗಾಲು ತಿರುಗಿಸಿ ತೋರಿಸಿದರು. ಹಳೆಯ ಚಪ್ಪಲಿಯ ಅಟ್ಟೆಯ ಹಾಗಿತ್ತು. ನಾನು ಹೂಂ, ಹೂಂ ಎನ್ನುತ್ತ ಫೋನು ನೋಡಿದೆ. ಕಟ್ಟೆಯ ಮೇಲೆ ಸಿಗ್ನಲ್ ಬಂದಿತ್ತು. ಅಂಗಡಿ ಅವರದೇ ಎಂದು ಖಾತ್ರಿ ಮಾಡುವ ಕೋಡ್ ಪಂಪಣ್ಣನ ನಂಬರಿಗೆ ಹೋಯಿತು. ಅವರಿಗೆ ಫೋನು ಮಾಡಿ ಕೇಳಿ, ಒತ್ತಿದೆ. ಜಾಗ ಯಾವುದು ಎಂದು ಕೇಳಿದ ಕಡೆ ರಸ್ತೆ ಹುಡುಕಿ ಬೆರಳಿಡಬೇಕಿತ್ತು. 'ಈಗಿರುವ ಜಾಗ' ಎಂಬುದು ಕಣ್ಣೆದುರಿಗೇ ಇತ್ತು. ಅದನ್ನು ಒತ್ತಿದೆ. ಆಕೆಯ ಹೆಸರನ್ನೂ ಕೇಳದೆ, ತಂಬಿಗೆ ಕೈಗೆ ಕೊಟ್ಟು, ಬಸ್ಸಿಗೆ ಓಡಿದೆ.

ಎರಡು ವಾರದ ಮೇಲೆ ವೀರೇಶಣ್ಣ ಆಫೀಸಿನಲ್ಲಿ ಖುಷಿಯಿಂದ ಕೂಗಿದರು. "ಶಾರದಾ, ಕಂಪ್ಲಿ ಖಾನಾವಳಿ ನೋಡು ಬಾ!" ನಾವು ಹಾಕಿದ ಉಳಿದ ಅಂಗಡಿಗಳೆಲ್ಲ ಮ್ಯಾಪಿನಲ್ಲಿ ಸುಮ್ಮನೆ ಮಲಗಿದ್ದವು. ಈ ಖಾನಾವಳಿಗೆ ಮಾತ್ರ ದಿನಾ ಯಾರಾದರೂ ಅಭಿಪ್ರಾಯ ಬರೆಯುತ್ತಿದ್ದರು. ಐದಕ್ಕೆ ಐದು ನಕ್ಷತ್ರ. ತಟ್ಟೆಯ ಫೋಟೊಗಳು ಬೇರೆ. ಜೋಳದ ರೊಟ್ಟಿ, ಪುಂಡಿ ಪಲ್ಯ, ಗುರೆಳ್ಳು ಪುಡಿ. ಖಾಜಾ ಕೂಡಲೇ ಅದನ್ನೆಲ್ಲ ಸೇರಿಸಿ ಒಂದು ಚೆಂದದ ಪುಟ ಮಾಡಿದ. ವೀರೇಶಣ್ಣ ಅದನ್ನು ಹಿಡಿದು ಊರೂರು ತಿರುಗಿದರು. ತೋರಣಗಲ್ಲಿನ ಲಾಡ್ಜಿನವರು ಬಂದರು, ಹೊಸಪೇಟೆಯ ಬಟ್ಟೆ ಅಂಗಡಿಯವರು ಬಂದರು. "ಒಂದು ಸಣ್ಣ ಖಾನಾವಳಿಗೇ ಹಿಂಗ ಮಾಡೀವಿ. ನಿಮಗ ಎಷ್ಟು ಮಾಡಬಹುದು ನೋಡ್ರಿ" ಎನ್ನುತ್ತಿದ್ದರು. ನಮ್ಮ ಕೋಣೆಗೆ ಇನ್ನೆರಡು ಕುರ್ಚಿ ಬಂದವು, ಅವುಗಳಲ್ಲಿ ಕೂರಲು ಇಬ್ಬರು ಹೊಸಬರೂ.

ನಾನು ಮಾತ್ರ ಒಂದು ಫೋಟೊವನ್ನು ಮತ್ತೆ ಮತ್ತೆ ನೋಡಿದೆ. ತಟ್ಟೆ ಚಾಪೆಯ ಮೇಲಿತ್ತು. ಪಂಪಣ್ಣನ ಖಾನಾವಳಿಯಲ್ಲಿ ಕಡಪಾ ಕಲ್ಲಿನ ಮೇಜುಗಳಿದ್ದವು.

ಅದೇ ವಾರ ಪಂಪಣ್ಣನ ಫೋನು ಬಂತು. "ತಂಗಿ, ನಿಮ್ಮ ಮ್ಯಾಪ್ ನೋಡಿ ನನ್ನ ಕಡಿ ಒಬ್ರೂ ಬಂದಿಲ್ಲ. ಆದ್ರ ಮಂದಿ, ನಿಮ್ಮ ಊಟ ಭಾಳ ಚಲೋ ಐತಂತಲ್ಲ ಅಂತಾರ. ಏನಿದು?"

ಮರುದಿನ ಕಂಪ್ಲಿಗೆ ಹೋದೆ. ಫೋನಿನಲ್ಲಿ ದಾರಿ ತೋರಿಸು ಎಂದು ಒತ್ತಿ, ಅದು ಹೇಳಿದ ಹಾಗೆ ನಡೆದೆ. ಬಸ್ ನಿಲ್ದಾಣ ಬಿಟ್ಟು, ಬಜಾರು ಬಿಟ್ಟು, ಕೋಟೆಯ ಕಡೆಯ ಓಣಿಗೆ ಕರೆದುಕೊಂಡು ಹೋಯಿತು. ಬೇವಿನ ಮರ ಕಂಡಾಗಲೇ ನನಗೆ ಎಲ್ಲ ಗೊತ್ತಾಗಿ ಕಾಲು ನಿಂತವು.

ಪಡಸಾಲೆಯಲ್ಲಿ ಎರಡು ಚಾಪೆ ಹಾಸಿತ್ತು. ಕೊಯ್ಲಿನ ಯಂತ್ರದವರು ಐದಾರು ಮಂದಿ, ಮೈಯೆಲ್ಲ ಭತ್ತದ ಧೂಳು, ತಲೆ ಬಗ್ಗಿಸಿ ಉಣ್ಣುತ್ತಿದ್ದರು. ಒಳಗಿನಿಂದ ರೊಟ್ಟಿ ಬಡಿಯುವ ಸಪ್ಪಳ. ಅವತ್ತು ನೀರು ಕೊಟ್ಟ ಹೆಂಗಸಿನ ಸೊಸೆ ಮಂಗಳಾ ಬಡಿಸುತ್ತಿದ್ದಳು. ಅವಳ ಗಂಡ ತೋರಣಗಲ್ಲಿನ ಕಾರ್ಖಾನೆಯಲ್ಲಿ ಗುತ್ತಿಗೆ ಕೆಲಸದಲ್ಲಿದ್ದ. ವಾರಕ್ಕೊಮ್ಮೆ ಬರುತ್ತಿದ್ದನಂತೆ. ನನ್ನನ್ನು ಕಂಡು ಅತ್ತೆ ಹಿಟ್ಟಿನ ಕೈಯಲ್ಲೇ ಹೊರಗೆ ಬಂದರು.

"ಯವ್ವಾ, ನೀನಾ! ಅವತ್ತು ನೀರು ಕುಡದು ಹೋದಾಕಿ ಅಲ್ಲೇನು? ನೀ ಹೋದ ಎರಡು ದಿನಕ್ಕ ಇದೆಲ್ಲಾ ಶುರುವಾತು ನೋಡು. ನಿನ್ನ ಕಾಲ್ಗುಣ."

ಮೊದಲು ಬಂದವರು ಮೂವರಂತೆ. ಬಾಗಿಲಲ್ಲಿ ನಿಂತು ಫೋನು ತೋರಿಸಿ, "ಹುಲಿಗೆಮ್ಮ?" ಎಂದರಂತೆ. "ಹೌದು, ನಾನ ಹುಲಿಗೆಮ್ಮ, ಯಾರು ನೀವು ಅಂದೆ. ಸಾಪಾಡು, ಸಾಪಾಡು ಅಂದು ಕೈ ಬಾಯಿಗೆ ತೋರಿಸಿದ್ರು. ನಾವು ಅಡಿಗಿ ಮಾರೋರಲ್ಲಪ್ಪ ಅಂತ ಕಳಿಸಿದೆ. ಮರುದಿನ ಮತ್ತ ನಾಲ್ಕು ಮಂದಿ. ಬೈದು ಕಳಿಸಿದೆ. ಮೂರನೇ ದಿನ ಬಂದವ್ರು ಬೈದ್ರೂ ಹೋಗಲಿಲ್ಲ, ಕಟ್ಟಿ ಮ್ಯಾಲ ಕುಂತ್ರು. ಮಧ್ಯಾಹ್ನ ಮೂರು ಗಂಟಿ. ಹಸದು ಕುಂತವ್ರ ಮುಂದ ನಾ ಹೆಂಗ ಉಣ್ಲಿ? ಇದ್ದ ರೊಟ್ಟಿ ಹಂಚಿಕೊಟ್ಟೆ." ಉಂಡವರು ತಾವೇ ರೊಕ್ಕ ಇಟ್ಟು ಹೋದರಂತೆ. ಮಾರನೆಯ ದಿನದಿಂದ ಮಂಗಳಾ ಲೆಕ್ಕಕ್ಕಿಂತ ಒಂದು ಸೇರು ಹೆಚ್ಚು ಹಿಟ್ಟು ಕಲಸತೊಡಗಿದಳಂತೆ.

"ಅವರನ್ನ ಯಾರು ಕಳಿಸ್ತಾರ ಅಂತ ತಿಳದೀರಿ ಅಮ್ಮಾ?" ಎಂದು ಕೇಳಿದೆ.

"ನನ್ನ ಹೆಸರು ಕೇಳ್ಕೊಂಡು ಬರ್ತಾರ ಯವ್ವಾ. ಕಣದಾಗ ನನ್ನ ಬುತ್ತಿ ಉಂಡ ಹಮಾಲ್ರು ಹೇಳಿರಬೇಕು. ಒಬ್ರ ಬಾಯಿಂದ ಒಬ್ರಿಗೆ ಹೋಗಿರತೈತಿ."

ಹೇಳಬೇಕೆಂದು ಬಾಯಿ ತೆರೆದೆ. ಆಕೆ ತಟ್ಟೆ ತಂದು ಮುಂದಿಟ್ಟರು. ಹೇಳಲು ಹೋದವಳು ಎರಡು ರೊಟ್ಟಿ ತಿಂದು, ಕೈ ತೊಳೆದು, ಬಸ್ಸು ಹತ್ತಿದೆ.

ವೀರೇಶಣ್ಣನಿಗೆ ಎಲ್ಲವನ್ನೂ ಹೇಳಿದೆ. ಅವರು ಕೆಟ್ಟ ಮನುಷ್ಯರಲ್ಲ. ಆದರೆ ಸಂಡೂರಿನ ಒಬ್ಬ ದೊಡ್ಡ ಲಾರಿ ಮಾಲೀಕರು ಆ ವಾರ ನಮ್ಮ ಕೆಲಸ ನೋಡಲು ಬರುವವರಿದ್ದರು. ಅವರಿಗೆ ತೋರಿಸಲು ನಮ್ಮ ಹತ್ತಿರ ಕಂಪ್ಲಿಯ ಖಾನಾವಳಿ ಬಿಟ್ಟರೆ ಬೇರೇನಿರಲಿಲ್ಲ.

"ಈಗ ಬ್ಯಾಡ ಶಾರದಾ. ಅವರು ಬಂದು ಹೋಗಲಿ."

"ಪಂಪಣ್ಣಗ ಏನ್ ಹೇಳ್ಲಿ ಅಣ್ಣ?"

"ಟೆಕ್ನಿಕಲ್ ಪ್ರಾಬ್ಲಂ ಅನ್ನು."

ಅನ್ನುವ ಧೈರ್ಯವಾಗದೆ ಪಂಪಣ್ಣನ ಫೋನನ್ನೇ ಎತ್ತಲಿಲ್ಲ. ನಾಲ್ಕನೆಯ ದಿನ ಅವರೇ ಬಂದರು. ಕಂಪ್ಲಿಯಿಂದ ಬಸ್ಸಿನಲ್ಲಿ, ಬಿಸಿಲಲ್ಲಿ, ನಮ್ಮ ಮೆಟ್ಟಿಲು ಹತ್ತಿ. ವೀರೇಶಣ್ಣ ಲಾರಿ ಮಾಲೀಕರೊಂದಿಗೆ ಮಾತಾಡುತ್ತಿದ್ದರು. ಪಂಪಣ್ಣ ಬಾಗಿಲ ಪಕ್ಕದ ಸ್ಟೂಲಿನ ಮೇಲೆ ಕೂತು, ಆ ಮಾತೆಲ್ಲ ಮುಗಿಯುವ ತನಕ ಕಾದರು. ಗೋಡೆಯ ಮೇಲೆ ಪ್ರೊಜೆಕ್ಟರ್ ಬೆಳಕಿನಲ್ಲಿ ಅವರ ಖಾನಾವಳಿಯ ಹೆಸರು ದೊಡ್ಡ ಅಕ್ಷರಗಳಲ್ಲಿ ಬೆಳಗುತ್ತಿತ್ತು. ಹೆಸರಿನ ಕೆಳಗೆ ಇದ್ದದ್ದು ಬೇರೆಯವರ ತಟ್ಟೆ. ಮಾಲೀಕರು ಹೋದ ಮೇಲೆ ಪಂಪಣ್ಣ ಎದ್ದು ಬಂದರು, ಕೂಗಾಡಲಿಲ್ಲ.

"ನಾ ಆ ಮನಿ ಹುಡುಕಿ ನೋಡಿ ಬಂದೀನಿ. ಆಕಿ ಪಾಪದಾಕಿ, ಆಕೀದೇನು ತಪ್ಪಿಲ್ಲ. ಆದ್ರ ನನ್ನ ಬೋರ್ಡು ಹಾಕಿ ಇನ್ನೊಬ್ರ ಮನಿಗೆ ದಾರಿ ತೋರ್ಸೀರಲ್ಲ, ಇದೆಂಥಾ ದಂಧೆ? ನನ್ನ ಒಲಿ ಮುಂದೂ ನಾಲ್ಕು ಮಂದಿ ಕೆಲಸ ಮಾಡ್ತಾರ."

ವೀರೇಶಣ್ಣ ತಲೆ ತಗ್ಗಿಸಿ, ಸರಿ ಮಾಡು ಎಂಬಂತೆ ನನ್ನ ಕಡೆ ಕೈ ಮಾಡಿದರು. ಅಲ್ಲೇ, ಪಂಪಣ್ಣನ ಕಣ್ಣೆದುರಿಗೇ, ಕಂಪ್ಯೂಟರಿನಲ್ಲಿ ಆ ಕೆಂಪು ಗುರುತನ್ನು ಹಿಡಿದು ಎಳೆದೆ. ಪರದೆಯ ಮೇಲೆ ಕೋಟೆಯ ಓಣಿಯಿಂದ ಬಸ್ ನಿಲ್ದಾಣಕ್ಕೆ ಎರಡು ಬೆರಳಿನಷ್ಟು ದೂರ. ಮ್ಯಾಪಿನವರು ಒಪ್ಪಲು ಮೂರು ದಿನ ಬೇಕು ಎಂದು ಬಂತು.

ಆ ಮೂರು ದಿನದೊಳಗೆ ಹುಲಿಗೆಮ್ಮನಿಗೆ ಹೇಳಬೇಕೆಂದು ಎರಡನೆಯ ದಿನವೇ ಹೋದೆ. ಉಂಡವರೆಲ್ಲ ಹೋಗಿ ಆಗಿತ್ತು. ಆಕೆ, ಮಂಗಳಾ ಇಬ್ಬರೂ ಪಾತ್ರೆ ತೊಳೆಯುತ್ತಿದ್ದರು. ನಾನು ಫೋನು ತೆಗೆದು, ಗುರುತು ತೋರಿಸಿ, ಅವತ್ತು ಕಟ್ಟೆಯ ಮೇಲೆ ಕೂತು ನಾನು ಏನು ಮಾಡಿದೆ ಎನ್ನುವುದನ್ನು ಹೇಳಿದೆ. ಅರ್ಥವಾಗಲಿಲ್ಲ. ಇನ್ನೊಮ್ಮೆ ಹೇಳಿದೆ. ಆಗ ಆಕೆ ಕೈಯಲ್ಲಿದ್ದ ತಟ್ಟೆಯನ್ನು ಕೆಳಗಿಟ್ಟರು.

"ಹಂಗಂದ್ರ ಅವ್ರು ನನ್ನ ಕೇಳ್ಕೊಂಡು ಬಂದಿದ್ದಲ್ಲ."

"ಮೊದಲು ಬಂದಿದ್ದು ತಪ್ಪಿ ಅಮ್ಮಾ. ಮತ್ತ ಮತ್ತ ಬಂದಿದ್ದು ನಿಮ್ಮ ಊಟಕ್ಕ."

ಮಂಗಳಾ ಸಿಟ್ಟಿನಿಂದ ಎದ್ದಳು. "ನಾವೇನು ಕರದಿದ್ವೇನ್ರಿ ಅವರನ್ನ? ನೀವ ಕಳಿಸಿದ್ರಿ, ಈಗ ನೀವ ನಿಲ್ಲಸ್ತೀರಿ. ಸುಮ್ನ ಇದ್ದಿದ್ರ ಯಾರಿಗೆ ಗೊತ್ತಾಗ್ತಿತ್ತು?"

"ಸುಮ್ಮಕಿರ ಬೇ" ಎಂದರು ಹುಲಿಗೆಮ್ಮ. "ಪಂಪಣ್ಣನ ಬಾಗಲಿಗೆ ಹೋಗೋ ಮಂದಿ ಅವ್ರು. ತಿಳೀದ ಬಡಿಸಿದ್ವಿ, ಅದು ಬ್ಯಾರೆ. ಈಗ ತಿಳಿದೈತಿ."

ನಾನು ಅವಸರ ಅವಸರವಾಗಿ ಹೇಳಿದೆ. ನಿಮ್ಮ ಹೆಸರಿನಲ್ಲೇ ಬೇರೆ ಗುರುತು ಹಾಕುತ್ತೇನೆ, ಹುಲಿಗೆಮ್ಮನ ಮನೆ ಊಟ ಎಂದು, ಇಲ್ಲೇ, ಈ ಬೇವಿನ ಮರದ ಹತ್ತಿರವೇ. ಆಕೆ ಬೇಡವೆನ್ನಲಿಲ್ಲ. ಮುಖ ತೊಳೆದು, ಕೂದಲು ಬಾಚಿ, ಒಗೆದ ಸೀರೆ ಉಟ್ಟು ಬಂದು ಬಾಗಿಲಲ್ಲಿ ನಿಂತರು. ಫೋಟೊ ತೆಗೆದೆ. ಆಕೆಯ ಹತ್ತಿರ ಫೋನಿರಲಿಲ್ಲ, ಮಂಗಳಾಳ ನಂಬರು ಕೊಟ್ಟೆವು. ಅಂಗಡಿಯಲ್ಲದ ಮನೆಯ ಗುರುತಾದ್ದರಿಂದ ಕೋಡ್ ಒಂದೆರಡು ವಾರದಲ್ಲಿ ಬರುತ್ತದೆ, ಬಂದ ಕೂಡಲೇ ನನಗೆ ಫೋನು ಮಾಡು, ಒಂದು ದಿನ ದಾಟಿದರೆ ಅದು ನಡೆಯುವುದಿಲ್ಲ ಎಂದು ಮಂಗಳಾಗೆ ಹೇಳಿದೆ. ಅವಳು ಸಿಟ್ಟಿನಲ್ಲೇ ತಲೆಯಾಡಿಸಿದಳು.

ಆಮೇಲೆ ನಾನು ಮಾಡಿದ್ದನ್ನು ಬರೆಯಲು ಕಷ್ಟ. ಲಾರಿ ಮಾಲೀಕರ ಕೆಲಸ ನಮಗೆ ಬಂತು. ನಮ್ಮ ಮೊದಲ ದೊಡ್ಡ ಕೆಲಸ ಅದೇ. ಅದನ್ನು ಗಿಟ್ಟಿಸಲೆಂದೇ ಮಳೆ ಹಿಡಿದ ಸಂಡೂರಿನಲ್ಲಿ ಹದಿನೈದು ದಿನ ಇದ್ದೆ. ಬೆಟ್ಟದಿಂದ ಇಳಿದ ಕೆಂಪು ನೀರು ರಸ್ತೆಯ ಮೇಲೆ ಹರಿಯುತ್ತಿತ್ತು, ಚಪ್ಪಲಿ, ಚೂಡಿದಾರದ ಅಂಚು, ಕಡತ ಎಲ್ಲವೂ ಅದೇ ಬಣ್ಣಕ್ಕೆ ತಿರುಗಿದ್ದವು. ಒಂದು ಬೆಳಿಗ್ಗೆ ಮಾಲೀಕರ ಮುಂದೆ ಕೂತಿದ್ದಾಗ ಮಂಗಳಾಳ ಫೋನು ಬಂತು. ಕತ್ತರಿಸಿದೆ. ಮತ್ತೆ ಬಂತು. ಮತ್ತೆ ಕತ್ತರಿಸಿದೆ. ಮೀಟಿಂಗು ಮುಗಿದ ಮೇಲೆ ಮಾಡಿದರಾಯಿತು ಎಂದುಕೊಂಡೆ. ಮುಗಿದ ಮೇಲೆ ವೀರೇಶಣ್ಣ ಫೋನು ಮಾಡಿ, "ಕೆಲಸ ನಮಗ ಆತು ಶಾರದಾ!" ಎಂದು ಕೂಗಿದರು. ಆ ಖುಷಿಯಲ್ಲಿ ಮರೆತೆ. ನೆನಪಾದಾಗ ನಾಲ್ಕು ದಿನ ಕಳೆದಿತ್ತು. ಕೋಡ್ ಸತ್ತಿತ್ತು. ಮಂಗಳಾಗೆ ಫೋನು ಮಾಡಿದರೆ ಅವಳು ತೋರಣಗಲ್ಲಿನಲ್ಲಿದ್ದಳು. ಗಂಡನಿಗೆ ಅಲ್ಲಿ ಬಾಡಿಗೆ ರೂಮು ಸಿಕ್ಕಿತ್ತು. "ಈಗ ಬ್ಯಾಡ ಬಿಡ್ರಿ ಅಕ್ಕಾ. ಕೊಯ್ಲು ಮುಗೀತು, ಮಿಷನ್ ಮಂದಿ ಹೋದ್ರು" ಎಂದಳು. ಅವಳ ದನಿಯಲ್ಲಿ ಸಿಟ್ಟೂ ಇರಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ನಮ್ಮ ಕಂಪನಿ ಬೆಳೆದ ಕತೆಯನ್ನು ಈಗ ಯಾರು ಕೇಳಿದರೂ ವೀರೇಶಣ್ಣ ಸಂಡೂರಿನ ಲಾರಿಗಳಿಂದ ಶುರು ಮಾಡುತ್ತಾರೆ. ಒಂದು ಕೋಣೆ ಎರಡಾಯಿತು, ಎರಡು ಒಂದು ಅಂತಸ್ತಾಯಿತು. ಈಗ ಸ್ಟೇಷನ್ ರಸ್ತೆಯಲ್ಲಿ ಗಾಜಿನ ಬಾಗಿಲಿನ ಕಟ್ಟಡ. ಖಾಜಾ ಹನ್ನೆರಡು ಮಂದಿ ಡಿಸೈನರುಗಳ ಮುಖ್ಯಸ್ಥ, ಕಣ್ಣಿಗೆ ದಪ್ಪ ಕನ್ನಡಕ ಬಂದಿದೆ. ಮ್ಯಾಪಿಗಾಗಿ ಈಗ ಯಾರೂ ನಡೆಯುವುದಿಲ್ಲ. ನನಗೆ ಕಾರು ಬರುತ್ತದೆ. ಆದರೂ ದಿನದ ಕೊನೆಗೆ ಆವತ್ತಿಗಿಂತ ಹೆಚ್ಚು ದಣಿದಿರುತ್ತೇನೆ. ಯಾಕೆಂದು ನನಗೇ ಸರಿಯಾಗಿ ತಿಳಿಯುವುದಿಲ್ಲ.

ಗುರುತು ತಪ್ಪಿದ ಆ ವರ್ಷವೇ, ಮಳೆಗಾಲ ಕಳೆದು ಹೊಸ ಸಾಲಿನ ಮೊದಲ ಬೆಳೆಯ ಕೊಯ್ಲಿನ ಹೊತ್ತಿಗೆ, ನಾನು ಇನ್ನೊಮ್ಮೆ ಕಂಪ್ಲಿಗೆ ಹೋಗಿದ್ದೆ. ಕಂಪನಿಯ ಕೆಲಸವಿರಲಿಲ್ಲ. ಭಾನುವಾರ ನನ್ನ ಸ್ವಂತಕ್ಕೆ ಹೋದೆ. ಹುಲಿಗೆಮ್ಮನ ಮನೆಗೆ ಬೀಗವಿತ್ತು. ಪಕ್ಕದ ಮನೆಯವರು, "ಪಂಪಣ್ಣನ ಖಾನಾವಳ್ಯಾಗ ಅದಾಳ್ರಿ" ಎಂದರು.

ಗುರುತು ಸರಿಯಾದ ಮೇಲೆ ಜನ ಪಂಪಣ್ಣನ ಹತ್ತಿರವೇ ಬಂದಿದ್ದರು. ಬಂದವರು ಉಂಡು, ಆ ಅಮ್ಮ ಎಲ್ಲಿ, ಆ ಪುಂಡಿ ಪಲ್ಯ ಎಲ್ಲಿ ಎಂದು ಕೇಳಿದ್ದರು. ಕೇಳಿ ಕೇಳಿ ಸಾಕಾಗಿ ಪಂಪಣ್ಣ ಒಂದು ದಿನ ತಾವೇ ಕೋಟೆಯ ಓಣಿಗೆ ಹೋಗಿ ಆಕೆಯನ್ನು ಕರೆದಿದ್ದರು. ಇದನ್ನೆಲ್ಲ ಅವರೇ ಗಲ್ಲಾದ ಹಿಂದೆ ಕೂತು, ಹಳೆಯದನ್ನು ಮನಸ್ಸಿನಲ್ಲಿಟ್ಟುಕೊಳ್ಳದೆ ಹೇಳಿದರು. "ಒಳಗ ಅದಾಳ, ಹೋಗಿ ಮಾತಾಡ್ಸು ತಂಗಿ."

ಅಡುಗೆಮನೆ ಹಿಂದುಗಡೆ. ಹೊಗೆ, ಒಲೆ, ಕಲ್ಲಿನ ಮೇಲೆ ಹಿಟ್ಟು. ಹುಲಿಗೆಮ್ಮ ರೊಟ್ಟಿ ಬಡಿಯುತ್ತಿದ್ದರು. ನನ್ನನ್ನು ನೋಡಿ ಕೈ ನಿಲ್ಲಿಸಲಿಲ್ಲ. ನಾನು ಮಂಗಳಾಳ ಫೋನು ಕತ್ತರಿಸಿದ್ದನ್ನು ಹೇಳಿದೆ. ತಪ್ಪಾಯಿತು ಅಮ್ಮಾ ಎಂದೆ.

"ಮಂಗಳಾ ಭಾಳ ಅತ್ಲು ಅವತ್ತು" ಎಂದರು. ಬಡಿದ ರೊಟ್ಟಿಯನ್ನು ಹಂಚಿಗೆ ಹಾಕಿ ಇನ್ನೊಂದು ಉಂಡೆ ತೆಗೆದುಕೊಂಡರು. "ಇರ್ಲಿ. ಇಲ್ಲಿ ಕೆಲಸ ತಪ್ಪೋದಿಲ್ಲ. ಪಂಪಣ್ಣ ಚಲೋ ಮನಷ್ಯಾ. ಒಂದ ನೋಡು, ಅಲ್ಲಿ ರೊಟ್ಟಿ ಬಡದು ನಾನೂ ಬಂದು ಎದುರಿಗೆ ಕುಂದ್ರತಿದ್ದೆ. ಒಬ್ಬ ಇನ್ನೊಂದು ಕೇಳ್ತಾನ, ಒಬ್ಬ ನಾಚ್ಕೋತಾನ, ಮುಖ ನೋಡಿದ್ರ ತಿಳೀತಿತ್ತು. ಇಲ್ಲಿ ಗ್ವಾಡಿ ಆಕಡಿ ಯಾರು ಉಣ್ತಾರ, ಏನಂತಾರ, ಏನೂ ತಿಳಿಯಂಗಿಲ್ಲ."

"ಅವರು ಬರೀತಾರ ಅಮ್ಮಾ. ಫೋನಿನ್ಯಾಗ."

"ಏನ್ ಬರೀತಾರ?"

ಆವರೆಗೆ ಯಾರೂ ಆಕೆಗೆ ಅದನ್ನು ಓದಿ ಹೇಳಿರಲಿಲ್ಲ ಎನ್ನುವುದು ನನಗೆ ಆಗ ಹೊಳೆಯಿತು. ನಾನೂ ಹೇಳಿರಲಿಲ್ಲ. ಗೋಡೆಗೆ ಒರಗಿ ಕೂತು, ಒಂದು ಮೂಲೆಯಲ್ಲಿ ಸಿಕ್ಕ ಅಷ್ಟಿಷ್ಟು ಸಿಗ್ನಲ್ಲಿನಲ್ಲಿ ಒಂದೊಂದಾಗಿ ಓದಿದೆ. ಬೇಸಿಗೆಯಲ್ಲಿ ಬರೆದವು, ಮಳೆಗಾಲದಲ್ಲಿ ಬರೆದವು. ತಮಿಳಿನಲ್ಲಿದ್ದ ಒಂದನ್ನು ಫೋನೇ ಕನ್ನಡಕ್ಕೆ ತಿರುಗಿಸಿ ಕೊಟ್ಟಿತು. ಎರಡು ತಿಂಗಳಿಂದ ಮನೆ ಬಿಟ್ಟಿದ್ದೇನೆ, ಇಲ್ಲಿ ಉಂಡ ದಿನ ಮನೆಯ ನೆನಪಾಗಲಿಲ್ಲ ಎಂದು ಒಬ್ಬ ಬರೆದಿದ್ದ. ಹುಲಿಗೆಮ್ಮ ತಲೆ ಎತ್ತದೆ ಕೇಳುತ್ತಿದ್ದರು. ಕೈ ಮಾತ್ರ ನಿಧಾನವಾಗಿತ್ತು. ನಡುವೆ ಒಂದು ಬಂತು. ನೋಡಿ, ಬೆರಳಿನಿಂದ ಮೇಲೆ ಸರಿಸಿ, ಮುಂದಿನದನ್ನು ಓದಿದೆ.

"ನಡುವ ಒಂದು ಬಿಟ್ಟಿ."

"ಇಲ್ಲಮ್ಮಾ."

"ಬಿಟ್ಟಿ. ಓದು."

ಓದಿದೆ. ರೊಟ್ಟಿ ದಪ್ಪ, ಒಳಗೆ ಹಸಿ, ಮೊದಲಿನ ಹಾಗಿಲ್ಲ, ಎರಡೇ ನಕ್ಷತ್ರ.

ಹುಲಿಗೆಮ್ಮ ಕೈಯಲ್ಲಿದ್ದ ರೊಟ್ಟಿಯನ್ನು ಕಲ್ಲಿನ ಮೇಲೆಯೇ ಬಿಟ್ಟು ನನ್ನ ಕಡೆ ತಿರುಗಿದರು. "ಯಾವತ್ತು ಬರದಾನ?"

"ಹೋದ ಮಂಗಳವಾರ."

"ಮಂಗಳವಾರ ನಾ ಬಂದಿದ್ದಿಲ್ಲ! ಸೊಸಿ ನೋಡಾಕ ತೋರಣಗಲ್ಲಿಗೆ ಹೋಗಿದ್ದೆ. ಅವತ್ತಿನ ರೊಟ್ಟಿ ನಂದಲ್ಲ." ಅಲ್ಲಿಯ ತನಕ ನಾನು ಆಕೆಯ ದನಿ ಅಷ್ಟು ಏರಿದ್ದನ್ನು ಕೇಳಿರಲಿಲ್ಲ. "ಅವನಿಗೆ ತಿರುಗಿ ಬರ್ಯಾಕ ಬರ್ತೈತೇನು?"

"ಬರ್ತೈತಿ ಅಮ್ಮಾ. ಖಾನಾವಳಿ ಕಡಿಯಿಂದ ಬರೀಬಹುದು. ಅದರ ಕೀಲಿ ನನ್ನ ಹತ್ರನ ಐತಿ."

"ಹಂಗಾದ್ರ ಬರಿ."

ಬರೆದು, ಓದಿ ಹೇಳಿದೆ. "ಅವತ್ತು ಅಡುಗೆಯವರು ರಜೆಯಲ್ಲಿದ್ದರು. ಕ್ಷಮಿಸಿ. ಇನ್ನೊಮ್ಮೆ ಬನ್ನಿ."

"ಅಡಿಗಿಯವ್ರು ಅಂದ್ರ ಯಾರು? ಹೆಸರು ಹಾಕು."

ಅಳಿಸಿ ಮತ್ತೆ ಬರೆದೆ. ಅವತ್ತು ಹುಲಿಗೆಮ್ಮ ಬಂದಿರಲಿಲ್ಲ. ಇನ್ನೊಮ್ಮೆ ಬನ್ನಿ.

"ಇನ್ನೊಂದ್ಸಲ ಓದು."

ಓದಿದೆ. ಹೊರಗಿನಿಂದ ಪಂಪಣ್ಣ, "ನಾಲ್ಕು ರೊಟ್ಟಿ, ಬಿಸೀವು!" ಎಂದು ಕೂಗಿದರು. ಹುಲಿಗೆಮ್ಮ ಹಿಟ್ಟಿನ ಉಂಡೆ ಕೈಗೆತ್ತಿಕೊಂಡರು.

"ಹಾಂ. ಈಗ ಕಳಿಸು" ಎಂದರು.